ಚೀಸ್ ಬ್ರೆಡ್ ಮಧ್ಯೆ ಗುಹೆ, ತಳದಲ್ಲಿ ಅಂಟು. ಎಲ್ಲಿ ತಪ್ಪಿದೆ ಅಂತ ಯಾರಾದ್ರೂ ಹೇಳ್ತೀರಾ?

ಮೊದಲಸಲ
ಎಲ್ರಿಗೂ ನಮಸ್ಕಾರ. ಬೆಳಿಗ್ಗೆಯಿಂದ ಒಂದು ಚೀಸ್ ಬ್ರೆಡ್ ಹಿಂದೆ ಬಿದ್ದಿದ್ದೆ, ಮೇಲಿಂದ ನೋಡಿದ್ರೆ ಪರವಾಗಿಲ್ಲ ಅನ್ನೋ ಹಾಗಿತ್ತು, ನೆತ್ತಿ ಸ್ವಲ್ಪ ಕುಸಿದಿತ್ತು ಅಷ್ಟೆ. ಕೊಯ್ದು ನೋಡಿದ್ರೆ ಮೇಲಿನ ಪದರದ ಕೆಳಗೇ ಒಂದು ಗುಹೆ, ಎರಡು ಬೆರಳು ಆರಾಮಾಗಿ ಒಳಗೆ ಹೋಗತ್ತೆ, ಗುಹೆ ಗೋಡೆ ಎಣ್ಣೆ ಸವರಿದ ಹಾಗೆ ಮಿರಮಿರ ಅಂತಿದೆ. ತಳದಲ್ಲಿ ಒಂದು ಬೆರಳು ದಪ್ಪ ಹಸಿ ಹಸಿ ಅಂಟು, ಚಾಕುಗೆ ಮೆತ್ಕೊಂಡು ಬರ್ತಿದೆ. ಉಪ್ಪು ಬೇರೆ ಜಾಸ್ತಿ.
ನಾನು ಹಾಕಿದ್ದು: ಮೈದಾ 400 ಗ್ರಾಂ, ಯೀಸ್ಟ್ 7 ಗ್ರಾಂ (ಒಂದು ಸಣ್ಣ ಪ್ಯಾಕೆಟ್ ಪೂರ್ತಿ), ಹಾಲು 260 ಎಂಎಲ್, ಸಕ್ಕರೆ ಎರಡು ಚಮಚ, ಉಪ್ಪು ಒಂದೂವರೆ ಟೀ ಚಮಚ, ಬೆಣ್ಣೆ 50 ಗ್ರಾಂ, ಚೀಸ್ 250 ಗ್ರಾಂ. ಚೀಸಲ್ಲಿ ಅರ್ಧ ಚೆಡ್ಡಾರ್ ತುರಿದು ಹಿಟ್ಟು ಕಲಸೋವಾಗ್ಲೇ ಹಾಕ್ದೆ, ಇನ್ನರ್ಧ ನೀರಲ್ಲಿ ಮುಳುಗಿಸಿ ಬರತ್ತಲ್ಲ ಆ ಫ್ರೆಶ್ ಮೊಝರೆಲ್ಲಾ, ಅದನ್ನ ದಪ್ಪ ದಪ್ಪ ತುಂಡು ಮಾಡಿ ಒಳಗಿಟ್ಟು ಸುತ್ತಿದೆ. ಮೂರೂವರೆ ಗಂಟೆ ಕೆಲಸ ಸ್ವಾಮಿ. ಅಳು ಬರೋದೊಂದು ಬಾಕಿ.

ನಿದ್ದೆಗೇಡಿ
ಯೀಸ್ಟ್ ಸತ್ತಿರತ್ತೆ. ಹಾಲು ಎಷ್ಟು ಬಿಸಿ ಇತ್ತು?

ಮೊದಲಸಲ
ಉಗುರುಬೆಚ್ಚಗೆ ಅಷ್ಟೆ. ಸತ್ತಿಲ್ಲ ಅನ್ಸತ್ತೆ, ಮೊದಲನೇ ಸಲ ಬಟ್ಟಲು ತುಂಬ ಉಬ್ಬಿತ್ತು, ಮುಚ್ಚಿದ್ದ ಬಟ್ಟೇನ ಎತ್ತೋ ಹಾಗಾಗಿತ್ತು.

ನಿದ್ದೆಗೇಡಿ
ಹಾಗಿದ್ರೆ ಯೀಸ್ಟ್ ಬದುಕಿದೆ, ನನ್ನ ಮಾತು ವಾಪಸ್ 😅 ಹೆಚ್ಚುಕಮ್ಮಿ 55–60 ಡಿಗ್ರಿ ಮುಟ್ಟಿದ್ರೆ ಅದರ ಕತೆ ಮುಗೀತು, ಅದಕ್ಕೇ ಕೇಳಿದ್ದು.

ಚೀಸ್_ಕಳ್ಳ
250 ಗ್ರಾಂ ಚೀಸ್ ಓದಿ ನನಗೆ ನಿಮ್ಮ ಮೇಲೆ ಗೌರವ ಬಂತು. ಗುಹೆ ಇದ್ರೇನಂತೆ, ಗುಹೆ ಒಳಗೆ ಇನ್ನೊಂದಿಷ್ಟು ಚೀಸ್ ತುಂಬಿ ತಿನ್ನಿ.

ತಕ್ಕಡಿ
ಮೇಡಂ, ಮೊದ್ಲು ಲೆಕ್ಕ ಮಾಡೋಣ, ಬೈಯೋದು ಆಮೇಲೆ. ಬ್ರೆಡ್ಡಲ್ಲಿ ಎಲ್ಲಾನೂ ಹಿಟ್ಟಿನ ತೂಕಕ್ಕೆ ಹೋಲಿಸಿ ನೋಡೋದು ರೂಢಿ, ಹಿಟ್ಟು ನೂರು ಅಂದ್ಕೊಂಡ್ರೆ ಉಳಿದದ್ದು ಎಷ್ಟು ಅಂತ. ನಿಮ್ಮ ಚೀಸ್ 62 ಆಯ್ತು. ಮನೆ ಬ್ರೆಡ್ಡಿಗೆ 25–30 ಇದ್ರೆ ಧಾರಾಳ, 40 ದಾಟಿದ್ರೆ ಹಿಟ್ಟಿಗೆ ಅದನ್ನ ಹೊರೋ ಶಕ್ತಿ ಇರಲ್ಲ.
ಉಪ್ಪು ನೋಡಿ. ಒಂದೂವರೆ ಟೀ ಚಮಚ ಅಂದ್ರೆ ಪುಡಿ ಉಪ್ಪು ಸುಮಾರು 9 ಗ್ರಾಂ. ಚೆಡ್ಡಾರಲ್ಲಿ ನೂರು ಗ್ರಾಮಿಗೆ ಹತ್ತಿರ ಹತ್ತಿರ 1.8 ಗ್ರಾಂ ಉಪ್ಪಿರತ್ತೆ, ಅಲ್ಲಿಗೆ ಇನ್ನೂ ಎರಡು ಗ್ರಾಂ ಮೇಲೆ. ಒಟ್ಟು 11 ದಾಟ್ತು, 400 ಗ್ರಾಂ ಹಿಟ್ಟಿಗೆ ಇದು ಮೂರರ ಹತ್ರ ಬರತ್ತೆ. ಸಾಮಾನ್ಯವಾಗಿ ಎರಡು ಇರ್ಬೇಕು. ಉಪ್ಪಾಗದೆ ಇನ್ನೇನಾಗತ್ತೆ.
ಇನ್ನು ಆ ಫ್ರೆಶ್ ಮೊಝರೆಲ್ಲಾ. ಅದರ ತೂಕದಲ್ಲಿ ಅರ್ಧಕ್ಕಿಂತ ಜಾಸ್ತಿ ನೀರೇ. 125 ಗ್ರಾಮಲ್ಲಿ 65–70 ಗ್ರಾಂ ನೀರು ಅಂತಿಟ್ಕೊಳ್ಳಿ. ಕಲಸೋವಾಗ ಈ ನೀರು ನಿಮ್ಮ ಕಣ್ಣಿಗೆ ಬೀಳಲ್ಲ, ಹಿಟ್ಟು ಸರಿ ಹದಕ್ಕೇ ಇದೆ ಅನ್ಸತ್ತೆ. ಓವನ್ನಲ್ಲಿ ಚೀಸ್ ಕರಗಿದ ತಕ್ಷಣ ಬಿಟ್ಕೊಳ್ಳತ್ತೆ, ಕೆಳಕ್ಕೆ ಇಳಿಯತ್ತೆ, ತಳದ ಹಿಟ್ಟು ಅದರಲ್ಲೇ ಕೂತ್ಕೊಂಡು ಬೇಯತ್ತೆ. ನಿಮ್ಮ ತಳದ ಅಂಟಲ್ಲಿ ಅರ್ಧ ಪಾಲು ಇದರದ್ದೇ.

ಮೊದಲಸಲ
ಅಯ್ಯೋ. ಚೀಸಲ್ಲೂ ನೀರಿರತ್ತೆ ಅಂತ ತಲೆಗೇ ಹೋಗ್ಲಿಲ್ಲ. ಮಿಕ್ಕ ಅರ್ಧ ಯಾರ ಪಾಲು?

ಒಲೆಮುಂದೆ
ಅದು ಬಿಸಿ ಬಿಸಿ ಕೊಯ್ದಿದ್ದಕ್ಕೆ ಇರಬಹುದು, ಹೇಳು ನೋಡೋಣ, ಓವನ್ನಿಂದ ತೆಗೆದು ಎಷ್ಟು ಹೊತ್ತಿಗೆ ಕೊಯ್ದೆ? ಇನ್ನೊಂದು, ಎರಡನೇ ಸಲ ಉಬ್ಬೋಕೆ ಎಲ್ಲಿಟ್ಟಿದ್ದೆ, ಎಷ್ಟು ಹೊತ್ತು? ನೆತ್ತಿ ಕುಸಿದಿದೆ ಅಂದ್ಯಲ್ಲ, ನನಗೆ ಅನುಮಾನ ಅಲ್ಲೇ ಇದೆ.

ಮೊದಲಸಲ
ಅಕ್ಕ ಬೈಬೇಡಿ. ಐದು ನಿಮಿಷಕ್ಕೇ ಕೊಯ್ದೆ. ಎರಡನೇ ಸಲ ಓವನ್ ಒಳಗೆ ಲೈಟ್ ಹಾಕಿ ಬಾಗಿಲು ಮುಚ್ಚಿಟ್ಟಿದ್ದೆ, ಅರ್ಧ ಗಂಟೆ ಅಂದ್ಕೊಂಡಿದ್ದು, ಒಂದು ಫೋನ್ ಬಂತು, ಮಾತಾಡ್ತಾ ಮಾತಾಡ್ತಾ ಒಂದು ಗಂಟೆ ಇಪ್ಪತ್ತು ನಿಮಿಷ ಆಗೋಯ್ತು. ತೆಗೆದಾಗ ಟಿನ್ನಿಂದ ಅಣಬೆ ಥರ ಆಚೆ ಬಂದಿತ್ತು, ನಾನು ಖುಷಿಯಲ್ಲಿ ಫೋಟೋ ಬೇರೆ ತೆಗೆದೆ. ಸ್ವಲ್ಪ ಹೆಂಡದ ಥರ ವಾಸನೆ ಇತ್ತು.

ಒಲೆಮುಂದೆ
ಸಿಕ್ಕಿಬಿದ್ಯಲ್ಲ 😄 ಬೈಯಲ್ಲ, ನಾನೂ ಇದನ್ನ ಎಷ್ಟು ಸಲ ಮಾಡಿದೀನೋ ಲೆಕ್ಕ ಇಲ್ಲ.
ನೋಡು, ನಾದಿದಾಗ ಹಿಟ್ಟಲ್ಲಿ ಒಂದು ಜಾಲ ಆಗತ್ತೆ, ಗ್ಲುಟನ್ ಅಂತೀವಲ್ಲ ಅದು. ಯೀಸ್ಟ್ ಗ್ಯಾಸ್ ಬಿಟ್ಟ ಹಾಗೆಲ್ಲ ಆ ಜಾಲ ಬಲೂನ್ ಥರ ಹಿಗ್ಗತ್ತೆ. ಹಿಗ್ಗೋದಕ್ಕೂ ಒಂದು ಮಿತಿ ಇದೆ ಅಲ್ವಾ. ಅಣಬೆ ಥರ ಆಚೆ ಬಂತು ಅಂದ್ಯಲ್ಲ, ಆ ಹೊತ್ತಿಗೆ ಅದು ಪೂರ್ತಿ ಹಿಗ್ಗಿ ಸುಸ್ತಾಗಿತ್ತು. ಓವನ್ನಿಗೆ ಹೋದ ಮೊದಲ ಹತ್ತು ನಿಮಿಷ ಯೀಸ್ಟ್ ಸಾಯೋ ಮುಂಚೆ ಜೋರಾಗಿ ಕೆಲಸ ಮಾಡತ್ತೆ, ಒಳಗಿರೋ ಗ್ಯಾಸೂ ಬಿಸಿಗೆ ಹಿಗ್ಗತ್ತೆ, ಆ ಕೊನೇ ನೂಕು ತಡ್ಕೊಳ್ಳೋಕೆ ಗೋಡೇಲಿ ದಮ್ಮಿಲ್ಲ, ಒಡೆದು ಒಂದರ ಮೇಲೊಂದು ಕೂತ್ಕೊಳ್ತು. ಮೇಲಿನ ಪದರ ಅಷ್ಟೊತ್ತಿಗೆ ಗಟ್ಟಿಯಾಗಿ ಮೇಲೇ ನಿಂತಿತ್ತು, ಒಳಗಿನದು ಕೆಳಗೆ ಇಳೀತು, ನಡುವೆ ನಿನ್ನ ಗುಹೆ. ಮೊಝರೆಲ್ಲಾ ತುಂಡು ಕರಗಿ ಹರಿದು ಅದನ್ನ ಇನ್ನೂ ದೊಡ್ಡದು ಮಾಡ್ತು. ಹೆಂಡದ ವಾಸನೆ ಸುಳ್ಳಲ್ಲ, ಯೀಸ್ಟ್ ಸಕ್ಕರೆ ತಿಂದು ಗ್ಯಾಸ್ ಜೊತೆ ಆಲ್ಕೋಹಾಲೂ ಬಿಡತ್ತೆ, ಹೊತ್ತು ಮೀರಿದ್ರೆ ಮೂಗಿಗೆ ಗೊತ್ತಾಗತ್ತೆ.
ಲೈಟ್ ಹಾಕಿದ ಓವನ್ ಒಳಗೆ 30 ಡಿಗ್ರಿ ದಾಟತ್ತೆ ಎಷ್ಟೋ ಸಲ. ಅಲ್ಲಿ ಗಡಿಯಾರ ನಂಬಬೇಡ, ಹಿಟ್ಟು ನೋಡು.

ಕಡ್ಡಿಪೆಟ್ಟಿಗಿ
ಅಕ್ಕಾರು ಹೇಳಿದ್ದು ಖರೇ ಐತಿ. ನಾನೂ ಮೊದಲ ಗಡಿಯಾರ ನೋಡಿನ ಮಾಡತಿದ್ದೆ. ಈಗ ಬೆರಳು ನೋಡಿ ಮಾಡತೀನಿ. ಬೆರಳಿಗೆ ಸ್ವಲ್ಪ ಹಿಟ್ಟು ಹಚ್ಚಿ ಅರ್ಧ ಇಂಚು ಒತ್ರಿ. ಕುಳಿ ಪಟಕ್ಕನ ತುಂಬಿದ್ರ ಇನ್ನೂ ಆಗಿಲ್ಲ, ಸಾವಕಾಶ ಅರ್ಧ ತುಂಬಿ ನಿಂತ್ರ ಓವನ್ನಿಗೆ ಹಾಕ್ರಿ, ಒತ್ತಿದ್ದು ಒತ್ತಿದಂಗ ಉಳದ್ರ ಅಥವಾ ಸುತ್ತಲಿಂದೂ ಕುಸದ್ರ ಕೆಲಸ ಕೆಟ್ಟಂಗ. ಆದ್ರ ಚೀಸ್ ಇರೋ ಜಾಗಾ ಒತ್ತಬ್ಯಾಡ್ರಿ ಮತ್ತ, ಅದು ಸುಳ್ಳ ಹೇಳತೈತಿ.

ಮೊದಲಸಲ
ಅದು ಸುಳ್ಳ ಹೇಳತೈತಿ 😂 ಸರಿ ಸರ್, ನೆನಪಿಟ್ಕೋತೀನಿ. ಕೆಟ್ಟೋಯ್ತು ಅಂತ ಗೊತ್ತಾದ್ರೆ ಎಸೀಬೇಕಾ?

ಕಡ್ಡಿಪೆಟ್ಟಿಗಿ
ಎಸೀಬ್ಯಾಡ್ರಿ. ಒಲ್ಯಾಗ ಇನ್ನೂ ಹೋಗಿಲ್ಲಂದ್ರ ಮೆತ್ತಗ ಒತ್ತಿ ಗ್ಯಾಸ್ ತಗದು ಮತ್ತ ಸುತ್ತಿ ಇಡ್ರಿ, ಈ ಸಲ ಕಣ್ಣ ಮುಂದ. ಮೊದಲಿನಷ್ಟು ಛಲೋ ಬರೂದಿಲ್ಲ, ಆದ್ರ ಗುಹೆಕಿಂತ ಎಷ್ಟೋ ಪಾಡು.

ಚೀಸ್_ಕಳ್ಳ
ಇಷ್ಟೆಲ್ಲ ಯಾಕೆ, ಯೀಸ್ಟ್ ಬದಲು ಬೇಕಿಂಗ್ ಪೌಡರ್ ಹಾಕಿದ್ರೆ ಕಾಯೋ ಗೋಳೇ ಇಲ್ಲ. ಎರಡೂ ಉಬ್ಬಿಸೋ ಪುಡಿ ತಾನೆ?

ನಿದ್ದೆಗೇಡಿ
ಗುರೂ ಯೀಸ್ಟ್ ಪುಡಿ ಅಲ್ಲ, ಜೀವ. ಒಣಗಿಸಿ ಮಲಗಿಸಿರ್ತಾರೆ ಅಷ್ಟೆ. 1830ರ ದಶಕದಲ್ಲೇ ಸೂಕ್ಷ್ಮದರ್ಶಕದಲ್ಲಿ ನೋಡಿ ಇದು ಬೆಳೆಯೋ ಜೀವಿ ಅಂದವರಿದ್ರು, ದೊಡ್ಡ ದೊಡ್ಡ ರಸಾಯನಶಾಸ್ತ್ರಜ್ಞರು ಒಪ್ಪಲಿಲ್ಲ. ಆಮೇಲೆ 1850ರ ದಶಕದ ಕೊನೇಲಿ ಲೂಯಿ ಪಾಶ್ಚರ್ ಪ್ರಯೋಗ ಮಾಡಿ ತೋರಿಸಿದ ಮೇಲೆ ವಾದ ಅವರ ಕಡೆ ವಾಲಿತು. ಬೇಕಿಂಗ್ ಪೌಡರ್ ಬರೀ ಆಮ್ಲ–ಕ್ಷಾರದ ಆಟ, ನೀರು ತಾಗಿ ಬಿಸಿ ಏರಿದ್ರೆ ಬುಸ್ ಅಂದು ಮುಗಿದುಹೋಗತ್ತೆ. ಅದರಲ್ಲೂ ಚೀಸ್ ಬ್ರೆಡ್ ಮಾಡಬಹುದು, ಚೆನ್ನಾಗೂ ಇರತ್ತೆ, ಆದ್ರೆ ಕೇಕಿನ ಹಾಗೆ ಪುಡಿಪುಡಿ. ಎಳೆ ಎಳೆಯಾಗಿ ಬಿಡಿಸ್ಕೊಂಡು ತಿನ್ನೋ ಬ್ರೆಡ್ ಬೇಕು ಅಂದ್ರೆ ಕಾಯ್ಲೇಬೇಕು.

ಚೀಸ್_ಕಳ್ಳ
ಕೇಳಿದ್ದು ಒಂದು ಸಾಲು, ಬಂದಿದ್ದು ಇತಿಹಾಸ. ಆಯ್ತು ಒಪ್ಪಿದೆ.

ಒಲೆಮುಂದೆ
ಮೊದಲಸಲ, ನಾನು ಮಾಡೋದು ಹೇಳ್ತೀನಿ, ನಿನ್ನ ಅಳತೇನೇ ಸ್ವಲ್ಪ ತಿದ್ದಿದ್ದು. ನಾಳೆನೇ ಮಾಡಬೇಕು ಅಂತಿಲ್ಲ, ಕೋಪ ಇಳಿದ ಮೇಲೆ ಮಾಡು.
ಹಿಟ್ಟು 400 ಗ್ರಾಂ. ಬ್ರೆಡ್ಡಿಗೆ ಅಂತಾನೇ ಬರೋ ಹಿಟ್ಟು ಸಿಕ್ಕಿದ್ರೆ ಅದು, ಅದರಲ್ಲಿ ಪ್ರೋಟೀನ್ 12–13 ಶೇಕಡಾ ಇರತ್ತೆ, ಚೀಸ್ ಭಾರ ಹೊರೋಕೆ ಅನುಕೂಲ. ಇಲ್ದಿದ್ರೆ ಮೈದಾನೇ ಸಾಕು, ನಾದೋದು ಸ್ವಲ್ಪ ಜಾಸ್ತಿ. ಇನ್‌ಸ್ಟಂಟ್ ಯೀಸ್ಟ್ 5 ಗ್ರಾಂ ಸಾಕು, ಪ್ಯಾಕೆಟ್ ಪೂರ್ತಿ ಸುರೀಬೇಡ. ಸಕ್ಕರೆ 15, ಬೆಣ್ಣೆ 30, ಉಪ್ಪು 6 ಗ್ರಾಂ ಮಾತ್ರ. ಹಾಲು ಅದೇ 260, ಅದರಲ್ಲಿ ಎರಡು ಮೂರು ಚಮಚ ಕೈಲಿ ಇಟ್ಕೋ, ಹಿಟ್ಟು ಕೇಳಿದ್ರೆ ಹಾಕು. ಹಾಲನ್ನ ಕುದಿ ಬರೋ ಹತ್ರ ಕಾಯಿಸಿ ಆರಿಸಿ ಹಾಕು, ಕಾಯಿಸದ ಹಾಲಲ್ಲಿ ಇರೋ ಕೆಲವು ಪ್ರೋಟೀನ್ ಬ್ರೆಡ್ ಉಬ್ಬೋದನ್ನ ತಡೀತವೆ. ಚೆಡ್ಡಾರ್ 120 ಗ್ರಾಂ, 80 ತುರಿದು, 40 ಸಣ್ಣ ಚೌಕ ಚೂರು, ಒಂದು ಸೆಂಟಿಮೀಟರಿಗಿಂತ ದೊಡ್ಡದು ಬೇಡ.
ಚೀಸ್ ಬೆಣ್ಣೆ ಎರಡೂ ಬಿಟ್ಟು ಮಿಕ್ಕದ್ದೆಲ್ಲ ಕಲಸು. ಮೊದಲು ಕೈಗೆಲ್ಲ ಮೆತ್ಕೊಳ್ಳತ್ತೆ, ಹಿಟ್ಟು ಸುರಿಯೋಕೆ ಕೈ ತುರಿಸತ್ತೆ, ಸುರೀಬೇಡ. ಹತ್ತು ನಿಮಿಷ ಮುಚ್ಚಿಟ್ಟು ಮತ್ತೆ ಕೈಗೆ ತಗೊ, ಅರ್ಧ ಅಂಟು ತಾನೇ ಹೋಗಿರತ್ತೆ. ಐದಾರು ನಿಮಿಷ ನಾದಿದ ಮೇಲೆ ಬೆಣ್ಣೆ. ಬೆಣ್ಣೆ ಹಾಕಿದ ತಕ್ಷಣ ಹಿಟ್ಟು ಹರಿದು ಚಿಂದಿಯಾಗಿ ಜಾರತ್ತೆ, ಎಲ್ಲಾ ಹಾಳಾಯ್ತು ಅನ್ಸತ್ತೆ, ನಾದ್ತಾ ಇರು, ಮೂರು ನಿಮಿಷಕ್ಕೆ ಮತ್ತೆ ಒಟ್ಟಾಗಿ ರೇಷ್ಮೆ ಥರ ಆಗತ್ತೆ. ನಿಂಬೆ ಗಾತ್ರದ ಒಂದು ಚೂರು ಕಿತ್ತು ಎರಡೂ ಕೈಯಲ್ಲಿ ನಿಧಾನಕ್ಕೆ ಹಿಗ್ಗಿಸಿ ಬೆಳಕಿಗೆ ಹಿಡಿ. ಹರಿಯದೆ ಬೆರಳಿನ ನೆರಳು ಕಂಡ್ರೆ ಆಯ್ತು.
ಚೀಸನ್ನ ಮೊದಲೇ ಹಾಕಬಾರದು ಅನ್ನೋದು ಇದಕ್ಕೇ. ಅದರ ಜಿಡ್ಡು ಜಾಲ ಕಟ್ಟೋಕೆ ಬಿಡಲ್ಲ. ಜಾಲ ಕಟ್ಟಾದ ಮೇಲೆ ಬಂದ್ರೆ ನೆಂಟರ ಥರ ಒಂದು ಕಡೆ ಕೂತಿರತ್ತೆ.

ಮೊದಲಸಲ
ನೆಂಟರ ಥರ 😂 ಆಮೇಲೆ?

ಒಲೆಮುಂದೆ
ಆಮೇಲೆ ಎರಡು ಪಟ್ಟು ಆಗೋ ತನಕ ಮುಚ್ಚಿಡು. ಒಂದರಿಂದ ಒಂದೂವರೆ ಗಂಟೆ ಹಿಡಿಬಹುದು, ಚಳಿ ಇದ್ರೆ ಎರಡು. ನೇರ ಗೋಡೆಯ ಡಬ್ಬದಲ್ಲಿಟ್ಟು ಹೊರಗೆ ರಬ್ಬರ್ ಬ್ಯಾಂಡ್ ಹಾಕು, ಎಲ್ಲಿಂದ ಎಲ್ಲಿಗೆ ಬಂತು ಗೊತ್ತಾಗತ್ತೆ. ದುಂಡು ಬಟ್ಟಲಲ್ಲಿ ಎರಡು ಪಟ್ಟು ಅನ್ನೋದು ಕಣ್ಣಿಗೆ ಮೋಸ.
ಹೊರಗೆ ತೆಗೆದು ಕೈಯಲ್ಲೇ ತಟ್ಟಿ ಟಿನ್ನಿನಷ್ಟು ಅಗಲ, ಅದರ ಒಂದೂವರೆ ಪಟ್ಟು ಉದ್ದ ಮಾಡು. ತುರಿದ ಚೀಸ್ ತೆಳ್ಳಗೆ ಹರಡು, ಸುತ್ತ ಎರಡು ಸೆಂಟಿಮೀಟರ್ ಅಂಚು ಖಾಲಿ ಬಿಡು, ಚೂರುಗಳನ್ನ ಅಲ್ಲೊಂದು ಇಲ್ಲೊಂದು ಇಟ್ಟು ಒಳಕ್ಕೆ ಒತ್ತು. ಬಿಗಿಯಾಗಿ ಸುತ್ತಬೇಕು, ಪ್ರತಿ ಸುತ್ತಿಗೂ ಹೆಬ್ಬೆರಳಲ್ಲಿ ಒತ್ತಿ ಗಾಳಿ ಆಚೆ ಹಾಕು. ಕೊನೇ ಅಂಚು ಚಿವುಟಿ ಮುಚ್ಚಿ, ಆ ಹೊಲಿಗೆ ಕೆಳಗೆ ಬರೋ ಹಾಗೆ ಟಿನ್ನಿಗೆ. 8.5 ಇಂಚು ಉದ್ದ 4.5 ಅಗಲದ ಟಿನ್ ಸರಿಹೋಗತ್ತೆ. ಬ್ರೆಡ್ ನಡು ಟಿನ್ನಿನ ಅಂಚಿಗಿಂತ ಒಂದು ಬೆರಳು ಮೇಲೆ ಬಂತು ಅಂದ್ರೆ ಬೆರಳು ಒತ್ತಿ ನೋಡಿ ಓವನ್ನಿಗೆ. 180 ಡಿಗ್ರಿ, 35–40 ನಿಮಿಷ. ಫ್ಯಾನ್ ಇರೋ ಓವನ್ ಆದ್ರೆ 20 ಡಿಗ್ರಿ ಕಮ್ಮಿ ಇಡು. ಇಪ್ಪತ್ತು ನಿಮಿಷ ಆದ್ಮೇಲೆ ನೋಡು, ಮೇಲಿನ ಚೀಸ್ ಬಹಳ ಬೇಗ ಕೆಂಪಾಗತ್ತೆ, ಆಗ ಫಾಯಿಲ್ ಸಡಿಲವಾಗಿ ಹೊದಿಸು.

ತಕ್ಕಡಿ
ಒಲೆಮುಂದೆ ಅಕ್ಕನ ಉಪ್ಪಿನ ಲೆಕ್ಕ ನೋಡಿ: 6 ಗ್ರಾಂ ಮೇಲಿಂದ, ಚೀಸಿಂದ ಎರಡಕ್ಕೂ ಸ್ವಲ್ಪ ಮೇಲೆ, ಒಟ್ಟು ಎಂಟು, ಅಂದ್ರೆ ನೂರಕ್ಕೆ ಎರಡು. ಅಕ್ಕ ಲೆಕ್ಕ ಹಾಕಿ ಹೇಳಿದ್ರೋ ಕೈ ಅಂದಾಜೋ ಗೊತ್ತಿಲ್ಲ, ಕರೆಕ್ಟಾಗಿ ಕೂತಿದೆ.
ಒಂದು ಸೇರಿಸ್ತೀನಿ. ತಟ್ಟಿದ್ರೆ ಟೊಳ್ಳು ಸದ್ದು ಬರಬೇಕು ಅಂತಾರಲ್ಲ, ಚೀಸ್ ಬ್ರೆಡ್ಡಿಗೆ ಅದನ್ನ ನೆಚ್ಕೋಬೇಡಿ. ಚುಚ್ಚೋ ಥರ್ಮಾಮೀಟರ್ ಇದ್ರೆ ನಡುವಿಗೆ ಚುಚ್ಚಿ, 93 ಡಿಗ್ರಿ ಬಂದ್ರೆ ಬೆಂದಿದೆ. ಚೀಸ್ ಚೂರಿಗೆ ಚುಚ್ಚಿದ್ರೆ ಬೇರೆ ತೋರಿಸಬಹುದು, ಎರಡು ಮೂರು ಕಡೆ ನೋಡಿ.

ಒಲೆಮುಂದೆ
ಕೈ ಅಂದಾಜೇ 😄 ಎಷ್ಟೋ ಬ್ರೆಡ್ ಉಪ್ಪಾಗಿ ಉಪ್ಪಾಗಿ ಕೊನೆಗೆ ಆರಕ್ಕೆ ಬಂದು ನಿಂತಿದ್ದು.

ಬಿಡುವಿಲ್ಲ
ಓದ್ತಾ ಇದ್ದೆ, ಒಂದು ಪ್ರಶ್ನೆ. ನನ್ನ ಹತ್ರ ಪ್ರೊಸೆಸ್ಡ್ ಚೀಸ್ ಕ್ಯೂಬ್ ಮಾತ್ರ ಇದೆ. ನಡೆಯತ್ತಾ?

ಕುಲುಮೆ
ಅದು ಚೀಸೇ ಅಲ್ಲ.

ತಕ್ಕಡಿ
ಕುಲುಮೆ ಸಾರ್, ಸುಮ್ನೆ ಹಾಗನ್ನಬೇಡಿ. ಚೀಸನ್ನೇ ಕರಗಿಸಿ ಸಿಟ್ರೇಟ್, ಫಾಸ್ಫೇಟ್ ಥರದ ಲವಣ ಸೇರಿಸಿ ಮತ್ತೆ ಗಟ್ಟಿ ಮಾಡಿರ್ತಾರೆ. ಆ ಲವಣ ಜಿಡ್ಡನ್ನೂ ನೀರನ್ನೂ ಬೇರೆ ಆಗೋಕೆ ಬಿಡಲ್ಲ. ಹಳೇ ಚೆಡ್ಡಾರ್ ಜಾಸ್ತಿ ಬಿಸಿಗೆ ಎಣ್ಣೆ ಕಕ್ಕತ್ತೆ, ಇದು ಕಕ್ಕಲ್ಲ, ಚೂರು ಹಾಕಿದ್ರೆ ಇದ್ದ ಜಾಗದಲ್ಲೇ ಮೆತ್ತಗೆ ಕೂತಿರತ್ತೆ. ಚೂರಿನ ಕೆಲಸಕ್ಕೆ ನನ್ನ ಕೇಳಿದ್ರೆ ಇದೇ ವಾಸಿ.

ಕುಲುಮೆ
ಕೂತಿರತ್ತೆ, ಒಪ್ಪಿದೆ. ರುಚಿ? ಬ್ರೆಡ್ ತಿಂದಾಗ ಚೀಸ್ ಎಲ್ಲಿ ಅಂತ ಹುಡುಕಬೇಕು. ಮೈಲ್ಡ್ ಚೀಸ್ 200 ಗ್ರಾಂ ಹಾಕೋದೂ ಒಂದೇ, ವರ್ಷ ಇಟ್ಟು ಹಳೇದಾದ ಚೆಡ್ಡಾರ್ 100 ಗ್ರಾಂ ಹಾಕೋದೂ ಒಂದೇ. ಹಿಟ್ಟು ಚೀಸಿನ ರುಚೀನ ನುಂಗಿಬಿಡತ್ತೆ. ಅದಕ್ಕೇ ಜನ ರುಚಿ ಬರ್ಲಿಲ್ಲ ಅಂತ ಇನ್ನಷ್ಟು ಸುರಿಯೋದು, ಬ್ರೆಡ್ ಕುಸಿಯೋದು, ಇಲ್ಲಿ ಅಳೋದು.

ಮೊದಲಸಲ
ಯಾರೋ ನನ್ನ ಬಗ್ಗೆ ಮಾತಾಡ್ತಿರೋ ಹಾಗಿದೆ.

ಕುಲುಮೆ
ನಿಮಗಲ್ಲ ಹೇಳಿದ್ದು. ಸರಿ, ನಿಮಗೂ ಸೇರಿಸಿಯೇ ಹೇಳಿದ್ದು. ಅರ್ಧ ಚಮಚ ಸಾಸಿವೆ ಪುಡಿ ಹಿಟ್ಟಿಗೆ ಸೇರಿಸಿ ನೋಡಿ, ಸಾಸಿವೆ ರುಚಿ ಅಂತ ಗೊತ್ತಾಗಲ್ಲ, ಚೀಸ್ ಮಾತ್ರ ಎದ್ದು ಕಾಣತ್ತೆ. ಮತ್ತೆ ಪ್ಯಾಕೆಟ್ಟಲ್ಲಿ ತುರಿದು ಬರೋದು ಬೇಡ, ಎಳೆ ಎಳೆ ಅಂಟಬಾರದು ಅಂತ ಪಿಷ್ಟವೋ ಸೆಲ್ಯುಲೋಸೋ ಸವರಿರ್ತಾರೆ, ಸರಿಯಾಗಿ ಕರಗಲ್ಲ. ಗಟ್ಟಿ ತುಂಡು ತಂದು ಫ್ರಿಜ್ಜಿಂದ ತೆಗೆದ ತಕ್ಷಣ ತುರೀರಿ.

ಚೀಸ್_ಕಳ್ಳ
ತುರಿಯೋದು ಯಾಕೆ ಅಂತ. ತುರಿದದ್ದು ಬ್ರೆಡ್ಡಲ್ಲಿ ಮಾಯ ಆಗತ್ತೆ. ಚೂರು ಹಾಕಿ, ಕಚ್ಚಿದಾಗ ಸಿಗಬೇಕು.

ಒಲೆಮುಂದೆ
ಬರೀ ಚೂರು ಹಾಕಿದ್ರೆ ಸಿಕ್ಕವರಿಗೆ ಸಿಕ್ತು, ಉಳಿದವರಿಗೆ ಒಣ ಬ್ರೆಡ್. ತುರಿದದ್ದು ಇಡೀ ಬ್ರೆಡ್ಡಿಗೆ ವಾಸನೆ ಕೊಡತ್ತೆ, ಬಣ್ಣ ಕೊಡತ್ತೆ, ಚೂರು ನಿನ್ನಂಥ ಕಳ್ಳರಿಗೆ. ಅದಕ್ಕೇ ನಾನು ಎರಡೂ ಹಾಕೋದು. ಚೂರನ್ನ ಅರ್ಧ ಗಂಟೆ ಫ್ರೀಝರಲ್ಲಿಟ್ಟು ಹಾಕು, ಕರಗೋದು ತಡ ಆಗತ್ತೆ, ಅಷ್ಟೊತ್ತಿಗೆ ಸುತ್ತಲಿನ ಹಿಟ್ಟು ಗಟ್ಟಿಯಾಗಿರತ್ತೆ.

ಬಿಡುವಿಲ್ಲ
ಥ್ಯಾಂಕ್ಸ್. ಗೋಧಿ ಹಿಟ್ಟಲ್ಲಿ?

ತಕ್ಕಡಿ
ಮೂರರಲ್ಲಿ ಒಂದು ಪಾಲು ಬದಲಿಸಿ, ಹಾಲು ಎರಡು ಚಮಚ ಜಾಸ್ತಿ. ಪೂರ್ತಿ ಗೋಧಿ ಆದ್ರೆ ಗಟ್ಟಿ ಬರತ್ತೆ, ತೌಡಿನ ಚೂಪು ಚೂರುಗಳು ಆ ಜಾಲವನ್ನ ಕತ್ತರಿಸ್ತವೆ.

ಮೊದಲಸಲ
ಅಪ್ಡೇಟ್! ಇವತ್ತು ಭಾನುವಾರ, ಮತ್ತೆ ಇಳಿದಿದೀನಿ. ಈಗ ಒಂದು ಸಮಸ್ಯೆ. ಎಲ್ಲಾ ಅಕ್ಕ ಹೇಳಿದ ಹಾಗೇ ಮಾಡ್ದೆ, ಬೆಣ್ಣೆ ಹಾಕಿದಾಗ ಚಿಂದಿ ಆಯ್ತು, ಬೈಕೊಂಡು ನಾದಿದೆ, ರೇಷ್ಮೆನೂ ಆಯ್ತು (ನಿಜವಾಗ್ಲೂ ಆಯ್ತು! ನೆರಳು ಕಾಣಿಸ್ತು!!). ಆದ್ರೆ ಒಂದು ಗಂಟೆ ಹತ್ತು ನಿಮಿಷ ಆದ್ರೂ ರಬ್ಬರ್ ಬ್ಯಾಂಡಿಂದ ಒಂದು ಬೆರಳು ಮಾತ್ರ ಮೇಲೆ ಬಂದಿದೆ. ಇನ್ನೊಂದು ಸ್ವಲ್ಪ ಯೀಸ್ಟ್ ನೀರಲ್ಲಿ ಕಲಸಿ ಸೇರಿಸ್ಲಾ?

ಒಲೆಮುಂದೆ
ಮುಟ್ಟಬೇಡ. ಹಾಲು ಪೂರ್ತಿ ಆರಿಸಿಬಿಟ್ಟಿದ್ಯಾ?

ಮೊದಲಸಲ
ಯೀಸ್ಟ್ ಸಾಯತ್ತೆ ಅಂತ ಭಯಕ್ಕೆ ಫ್ರಿಜ್ಜಲ್ಲಿಟ್ಟು ತಣ್ಣಗೆ ಮಾಡಿದ್ದೆ 🙈

ನಿದ್ದೆಗೇಡಿ
ಇದಕ್ಕೆ ನಾನೇ ಕಾರಣ ಅನ್ಸತ್ತೆ, ಕ್ಷಮಿಸಿ. ಸತ್ತಿಲ್ಲ, ಚಳಿಗೆ ಮುದುರಿ ಕೂತಿದೆ. ಹತ್ತು ಡಿಗ್ರಿ ಕಮ್ಮಿ ಆದ್ರೆ ಅದರ ಕೆಲಸ ಹೆಚ್ಚುಕಮ್ಮಿ ಅರ್ಧಕ್ಕೆ ಇಳಿಯತ್ತೆ. ಕಾಯಿರಿ.

ಕಡ್ಡಿಪೆಟ್ಟಿಗಿ
ನಿಧಾನ ಆದ್ರ ರುಚಿನೂ ಹೆಚ್ಚ ಬರತೈತಿ ಬಿಡ್ರಿ, ನಷ್ಟ ಇಲ್ಲ. ದೊಡ್ಡ ಬಟ್ಟಲದಾಗ ಬೆಚ್ಚನ ನೀರು ಹಾಕಿ ಅದರಾಗ ಡಬ್ಬಿ ಇಡ್ರಿ. ಬೆಚ್ಚನ ನೀರ ಅಂದೆ, ಸುಡೂ ನೀರಲ್ಲ ಮತ್ತ.

ಮೊದಲಸಲ
ಎರಡು ಗಂಟೆ ಇಪ್ಪತ್ತು ನಿಮಿಷಕ್ಕೆ ಎರಡು ಪಟ್ಟು ಆಯ್ತು. ಸುತ್ತಿ ಟಿನ್ನಲ್ಲಿಟ್ಟಿದೀನಿ. ಫೋನ್ ಸೈಲೆಂಟ್.

ಚೀಸ್_ಕಳ್ಳ
ಫೋನ್ ಸೈಲೆಂಟ್ ಮಾಡಿ ಇಲ್ಲಿ ಹೇಗೆ ಬರೀತಿದೀರಾ?

ಮೊದಲಸಲ
ಸೈಲೆಂಟ್ ಅಂದೆ, ಸ್ವಿಚಾಫ್ ಅಂದ್ನಾ.

ಓವನ್ನಿಗೆ ಹೋಯ್ತು. ಬೆರಳು ಒತ್ತಿದ್ದು ಅರ್ಧ ತುಂಬಿ ನಿಂತ್ಕೊಳ್ತು, ಅದನ್ನ ನೋಡೋಕೇ ಎಂಥ ಖುಷಿ. ಹದಿನೈದನೇ ನಿಮಿಷಕ್ಕೆ ಗಾಜಿಂದ ನೋಡಿದ್ರೆ ನೆತ್ತಿ ಮೇಲೆದ್ದಿದೆ, ಒಂದು ಕಡೆ ಹೊಲಿಗೆ ಬಿಟ್ಟು ಚೀಸ್ ಆಚೆ ಇಣುಕಿ ಟಿನ್ನಿನ ಗೋಡೆ ಮೇಲೆ ಗುಳ್ಳೆ ಗುಳ್ಳೆ ಕುದೀತಿದೆ. ಮನೆಯೆಲ್ಲ ವಾಸನೆ. ಇದು ಸೋರೋದು ತೊಂದ್ರೇನಾ?

ಕುಲುಮೆ
ಅದು ತೊಂದರೆ ಅಲ್ಲ, ಅಡುಗೆ ಮಾಡಿದವರ ಕೂಲಿ.

ತಕ್ಕಡಿ
ಫಾಯಿಲ್ ಮರೀಬೇಡಿ. ಆಮೇಲೆ ತೆಗೆದ ಮೇಲೆ ಐದು ಹತ್ತು ನಿಮಿಷಕ್ಕೆ ಟಿನ್ನಿಂದ ಆಚೆ ತೆಗೆದು ಜಾಲರಿ ಮೇಲಿಡಿ. ಟಿನ್ನಲ್ಲೇ ಬಿಟ್ರೆ ಹಬೆ ತಳಕ್ಕೆ ಕೂತು ಬೆವರತ್ತೆ, ಮತ್ತೆ ಅಂಟು. ಕೊಯ್ಯೋದು ಒಂದು ಗಂಟೆ ಬಿಟ್ಟು. ಬಿಸಿ ಇರೋವಾಗ ಒಳಗಿನ ಪಿಷ್ಟ ಇನ್ನೂ ಅಂಟಂಟು, ಆರ್ತಾ ಆರ್ತಾ ಗಟ್ಟಿಯಾಗಿ ನಿಲ್ಲತ್ತೆ. ಹೋದ ಸಲ ನಿಮ್ಮ ಅಂಟಿನ ಇನ್ನರ್ಧ ಇದೇ.

ಮೊದಲಸಲ
ಮನೇಲಿ ನಾಲ್ಕು ಜನ ಚಾಕು ಹಿಡ್ಕೊಂಡು ನಿಂತಿದಾರೆ ಸಾರ್.

ತಕ್ಕಡಿ
ಚಾಕು ಬಚ್ಚಿಡಿ.

ಮೊದಲಸಲ
35 ನಿಮಿಷ ಹಿಡ್ಕೊಂಡೆ, ಅಷ್ಟೇ ಆಗಿದ್ದು ನನ್ನ ಕೈಲಿ. ವರದಿ: ಗುಹೆ ಇಲ್ಲ! ತಳ ಒಣಗಿದೆ. ಒಳಗೆ ಸುರುಳಿ ಸುರುಳಿ ಹಳದಿ ಗೆರೆ, ಒಂದು ಕಡೆ ಸುತ್ತಿನ ನಡುವೆ ಒಂದು ಸಣ್ಣ ಸೀಳು ಬಿಟ್ಟಿದೆ, ಬೆರಳು ಹೋಗಲ್ಲ, ಬೇಕಾದ್ರೆ ಚಮಚದ ಹಿಡಿ ಹೋಗಬಹುದು. ಎಳೆದ್ರೆ ಹತ್ತಿ ಥರ ಎಳೆ ಎಳೆ ಬರತ್ತೆ. ಉಪ್ಪು ಸರಿ ಇದೆ. ನನ್ನ ಮಗಳು ಹೋದ ಸಲದ್ದೇ ಚೆನ್ನಾಗಿತ್ತು, ಚೀಸ್ ಜಾಸ್ತಿ ಇತ್ತು ಅಂದ್ಲು. ಅವಳನ್ನ ಇಲ್ಲಿಗೆ ಸೇರಿಸಲ್ಲ.

ಚೀಸ್_ಕಳ್ಳ
ಮಗಳಿಗೆ ನನ್ನ ನಮಸ್ಕಾರ ತಿಳಿಸಿ.

ಒಲೆಮುಂದೆ
ಭೇಷ್! ಆ ಸೀಳು ಬಂದಿರೋದು ಅಲ್ಲಿ ಚೀಸ್ ಗುಡ್ಡೆ ಬಿದ್ದಿದ್ದಕ್ಕೆ. ಕರಗಿದ ಜಿಡ್ಡಿಗೆ ಮೇಲಿನ ಸುತ್ತು ಕೆಳಗಿನ ಸುತ್ತು ಒಂದಕ್ಕೊಂದು ಅಂಟಲ್ಲ. ಮುಂದಿನ ಸಲ ಹರಡೋವಾಗ ನಡುನಡುವೆ ಹಿಟ್ಟು ಕಾಣೋ ಹಾಗಿರಲಿ, ಸುತ್ತೋ ಮುಂಚೆ ಒದ್ದೆ ಕೈ ಒಂದು ಸಲ ಮೇಲೆ ಆಡಿಸು.

ಬಿಡುವಿಲ್ಲ
ಉಳಿದ್ರೆ ಫ್ರಿಜ್ಜಲ್ಲಿ ಎಷ್ಟು ದಿನ ಇಡಬಹುದು?

ತಕ್ಕಡಿ
ಬ್ರೆಡ್ಡಿಗೆ ಫ್ರಿಜ್ ಶತ್ರು. ಆ ಚಳಿಯಲ್ಲೇ ಅದರ ಪಿಷ್ಟ ಎಲ್ಲಕ್ಕಿಂತ ಬೇಗ ಬಿರುಸಾಗೋದು. ಇವತ್ತು ನಾಳೆ ತಿನ್ನೋದಾದ್ರೆ ಬಟ್ಟೆ ಸುತ್ತಿ ಹೊರಗಿಡಿ, ಮಿಕ್ಕದ್ದನ್ನ ಹೋಳು ಮಾಡಿ ಗಾಳಿ ಆಡದ ಹಾಗೆ ಕಟ್ಟಿ ಫ್ರೀಝರಿಗೆ. ಬೇಕಾದಾಗ ಒಂದೊಂದು ಹೋಳು ಹಾಗೇ ಟೋಸ್ಟರಿಗೆ ಹಾಕಿ, ಕರಗಿಸೋದೇನೂ ಬೇಡ.

ಬಿಡುವಿಲ್ಲ
ಸರಿ ಸರ್. ನಂಗೆ ಮೂರು ಗಂಟೆ ಒಟ್ಟಿಗೆ ಸಿಗೋದೇ ಇಲ್ಲ. ರಾತ್ರಿ ಕಲಸಿಟ್ಟು ಬೆಳಿಗ್ಗೆ ಮಾಡಬಹುದಾ?

ಒಲೆಮುಂದೆ
ಮಾಡಬಹುದು, ನಾನಂತೂ ಹಾಗೇ ಮಾಡೋದು ಜಾಸ್ತಿ. ಯೀಸ್ಟ್ 3–4 ಗ್ರಾಮಿಗೆ ಇಳಿಸಿ, ನಾದಿ, ಅರ್ಧ ಗಂಟೆ ಹೊರಗಿಟ್ಟು, ಮುಚ್ಚಳ ಇರೋ ಡಬ್ಬದಲ್ಲಿ ಫ್ರಿಜ್ಜಿಗೆ. ಎಂಟರಿಂದ ಹನ್ನೆರಡು ಗಂಟೆ ಇರಲಿ. ಬೆಳಿಗ್ಗೆ ತಣ್ಣಗಿರೋ ಹಿಟ್ಟು ಗಟ್ಟಿ ಇರತ್ತೆ, ಸುತ್ತೋಕೆ ಸುಲಭ, ಚೀಸ್ ಬೆವರಲ್ಲ. ಎರಡನೇ ಸಲ ಉಬ್ಬೋಕೆ ಮಾತ್ರ ಒಂದೂವರೆ ಎರಡು ಗಂಟೆ ಹಿಡಿಯತ್ತೆ, ಆ ಹೊತ್ತಲ್ಲಿ ನಿಮ್ಮ ಕೆಲಸ ಮಾಡ್ಕೊಳ್ಳಿ. ಮೊದಲಸಲ, ಟಿನ್ನಲ್ಲಿ ಸೋರಿದ ಚೀಸ್ ಏನಾಯ್ತು ಹೇಳ್ಲೇ ಇಲ್ವಲ್ಲ?

ಮೊದಲಸಲ
ಕರಿದ ಜರಿ ಥರ ಗೋಡೆಗೆ ಅಂಟಿತ್ತು ಅಕ್ಕ, ಎಲ್ರೂ ಬ್ರೆಡ್ ತಿಂತಾ ಆ ಕಡೆ ಇದ್ದಾಗ ನಾನು ಸಿಂಕ್ ಹತ್ರ ನಿಂತು ಚಮಚದಲ್ಲಿ ಕೆರೆದು ಕೆರೆದು ಒಬ್ಳೇ ತಿಂದೆ. ಟಿನ್ ತೊಳೆಯೋ ಕೆಲಸನೂ ಕಮ್ಮಿ ಆಯ್ತು. ರಾತ್ರಿಗೆ ಇನ್ನೊಂದು ಹಿಟ್ಟು ಕಲಸಿಡ್ತೀನಿ, ಚೆಡ್ಡಾರ್ 60 ಗ್ರಾಂ ಮಾತ್ರ ಉಳಿದಿದೆ, ಮಿಕ್ಕದ್ದಕ್ಕೆ ಆ ಕ್ಯೂಬ್ ಹಾಕ್ತೀನಿ, ಕುಲುಮೆ ಸಾರ್ ಇದನ್ನ ಓದಬೇಡಿ.

ಕುಲುಮೆ
ಓದಿದೆ. ಸಾಸಿವೆ ಪುಡಿ ಹಾಕಿ.